ಮೊಕಾಮಾದ ರಾಜೇಂದ್ರ ಸೇತು: ಪದೇ ಪದೇ ಕೇಳುವ ಪ್ರಶ್ನೆಗಳು

ಸರ್ ಎಂ.ವಿ. ಅಂದರೆ ನಮಗೆ ಮೊದಲು ನೆನಪಾಗುವುದು ಕನ್ನಂಬಾಡಿ ಕಟ್ಟೆ, ಆಮೇಲೆ ಭದ್ರಾವತಿ. ಆದರೆ ದೂರದ ಬಿಹಾರದಲ್ಲಿ, ಗಂಗೆಯ ಮೇಲೆ ಒಂದು ಹಳೆಯ ಉಕ್ಕಿನ ಸೇತುವೆ ಇದೆ. ಅದು ಎಲ್ಲಿ ನಿಲ್ಲಬೇಕು ಎಂದು ತೀರ್ಮಾನಿಸುವುದರಲ್ಲೂ ಅವರ ಕೆಲಸ ಇದೆ ಎಂದರೆ ಬಹಳ ಜನ "ಹೌದಾ?" ಎಂದು ಕೇಳುತ್ತಾರೆ. ಆ "ಹೌದಾ?" ಬೆನ್ನಿಗೇ ಬರುವ ಪ್ರಶ್ನೆಗಳನ್ನೆಲ್ಲ ಇಲ್ಲಿ ಒಟ್ಟು ಮಾಡಿದ್ದೇನೆ.

ಈ ಸೇತುವೆ ಇರುವುದು ಎಲ್ಲಿ?

ಪಟ್ನಾದಿಂದ ಪೂರ್ವಕ್ಕೆ ಸುಮಾರು 90 ಕಿ.ಮೀ. ಹೋದರೆ ಮೊಕಾಮಾ ಸಿಗುತ್ತದೆ. ಅದರ ಪಕ್ಕದಲ್ಲೇ ಹಾಥಿದಹ. ಸೇತುವೆಯ ದಕ್ಷಿಣದ ತುದಿ ಅಲ್ಲಿದೆ, ಪಟ್ನಾ ಜಿಲ್ಲೆಯಲ್ಲಿ. ಉತ್ತರದ ತುದಿ ಬೇಗುಸರಾಯ್ ಜಿಲ್ಲೆಯ ಸಿಮರಿಯಾದಲ್ಲಿ. ಉದ್ದ ಸುಮಾರು 2 ಕಿ.ಮೀ. ಎರಡು ಲೇನ್ ರಸ್ತೆ ಮತ್ತು ಒಂದೇ ಒಂದು ರೈಲು ಹಳಿ, ಎರಡೂ ಇದೇ ಸೇತುವೆಯ ಮೇಲಿವೆ.

ಇದು ರಸ್ತೆ ಸೇತುವೆಯೋ, ರೈಲು ಸೇತುವೆಯೋ?

ಎರಡೂ ಹೌದು. ಇದು ಎರಡು ಅಂತಸ್ತಿನ ಸೇತುವೆ. ಮೇಲೆ ರಸ್ತೆ, ಕೆಳಗೆ ಉಕ್ಕಿನ ಚೌಕಟ್ಟಿನ ಹೊಟ್ಟೆಯೊಳಗೆ ರೈಲು. ಬಸ್ಸಿನಲ್ಲಿ ಹೋದರೆ ಸುತ್ತ ಬಯಲು, ಗಾಳಿ, ಕಣ್ಣು ಹಾಯುವಷ್ಟು ದೂರ ಗಂಗೆ. ರೈಲಿನಲ್ಲಿ ಹೋದರೆ ಅದೇ ಗಂಗೆ ತುಂಡು ತುಂಡಾಗಿ ಕಾಣುತ್ತದೆ. ಕಿಟಕಿಯ ಮುಂದೆ ಓರೆ ಕಂಬಿಗಳು ಒಂದರ ಹಿಂದೆ ಒಂದು ಸರಿಯುತ್ತಾ ಇರುತ್ತವೆ. ಗಾಲಿಯ ಸದ್ದು ನೆಲದ ಮೇಲೆ ಇದ್ದಂತೆ ಇರುವುದಿಲ್ಲ, ಟೊಳ್ಳಾಗಿ, ದೊಡ್ಡದಾಗಿ ಕೇಳುತ್ತದೆ. ಆಗ ಬೋಗಿಯಲ್ಲಿ ಯಾರಾದರೂ ಎದ್ದು ನಿಂತು ಕೈಮುಗಿಯುತ್ತಾರೆ. ಇನ್ಯಾರೋ ಕಂಬಿಗಳ ಸಂದಿಯಿಂದ ನದಿಗೆ ಬೀಳುವ ಹಾಗೆ ಗುರಿ ನೋಡಿ ನಾಣ್ಯ ಎಸೆಯುತ್ತಾರೆ.

ಬಿಹಾರದಲ್ಲೇ ಇದರ ತಲೆಕೆಳಗಾದ ಉದಾಹರಣೆಯೂ ಇದೆ. ಸೋನ್ ನದಿಯ ಮೇಲಿನ ಕೊಯಿಲ್ವರ್ ಸೇತುವೆಯಲ್ಲಿ ರೈಲು ಮೇಲೆ, ರಸ್ತೆ ಕೆಳಗೆ. ಅದು 1862ರದ್ದು.

ಯಾವಾಗ ಕಟ್ಟಿದ್ದು? ಯಾರು ಕಟ್ಟಿದ್ದು?

1959ರಲ್ಲಿ ಉದ್ಘಾಟನೆ ಆಯಿತು. ಪ್ರಧಾನಿ ನೆಹರೂ, ಬಿಹಾರದ ಮೊದಲ ಮುಖ್ಯಮಂತ್ರಿ ಶ್ರೀಕೃಷ್ಣ ಸಿನ್ಹಾ ಇಬ್ಬರೂ ಬಂದಿದ್ದರು. ಬಿಹಾರದವರೇ ಆದ ಮೊದಲ ರಾಷ್ಟ್ರಪತಿ ರಾಜೇಂದ್ರ ಪ್ರಸಾದರ ಹೆಸರನ್ನು ಇದಕ್ಕೆ ಇಟ್ಟರು.

ಕಟ್ಟಿದ್ದು ಕಲ್ಕತ್ತಾದ ಬ್ರೇತ್‌ವೈಟ್, ಬರ್ನ್ ಅಂಡ್ ಜೆಸ್ಸಪ್ ಕಂಪನಿ. ಹೆಸರು ಉದ್ದ, ಅದಕ್ಕೆ ಎಲ್ಲರೂ ಬಿಬಿಜೆ ಎನ್ನುತ್ತಾರೆ. ಮೂರು ಬೇರೆ ಬೇರೆ ಕಂಪನಿಗಳು 1935ರಲ್ಲಿ ಕೈಜೋಡಿಸಿ ಹುಟ್ಟಿದ ಸಂಸ್ಥೆ ಇದು. ಹೌರಾ ಸೇತುವೆ ಕಟ್ಟುವುದಕ್ಕೆಂದೇ ಅವು ಒಂದಾಗಿದ್ದವು. ಹೌರಾ ಸೇತುವೆ 1943ರಲ್ಲಿ ಓಡಾಟಕ್ಕೆ ತೆರೆಯಿತು. ಅಂದರೆ ಮೊಕಾಮಾದ ಕೆಲಸ ಕೈಗೆ ಬರುವ ಹೊತ್ತಿಗೆ ಉಕ್ಕು ಜೋಡಿಸುವುದರಲ್ಲಿ ಈ ಕಂಪನಿ ಚೆನ್ನಾಗಿ ಪಳಗಿತ್ತು.

ವಿಶ್ವೇಶ್ವರಯ್ಯನವರು ಇದರಲ್ಲಿ ನಿಜವಾಗಿ ಮಾಡಿದ್ದೇನು?

ಸೇತುವೆಯನ್ನು ಅವರು ಕಟ್ಟಲಿಲ್ಲ. ಅದರ ಕಂಬಿಗಳ, ಅವನ್ನು ಕೂಡಿಸುವ ರಿವೆಟ್ಟುಗಳ (ಉಕ್ಕಿನ ಮೊಳೆಗಳ) ಲೆಕ್ಕ ಹಾಕಿದವರೂ ಅವರಲ್ಲ. ಸೇತುವೆ ಎಲ್ಲಿ ಬರಬೇಕು ಎಂಬುದು ಅವರ ಕೆಲಸದ ಆಧಾರದ ಮೇಲೆ ತೀರ್ಮಾನವಾಯಿತು. ಆಗ ಅವರ ವಯಸ್ಸು 90 ದಾಟಿತ್ತು.

ಇದು ಸಣ್ಣ ಮಾತಲ್ಲ. ಬಿಹಾರವನ್ನು ಗಂಗೆ ನಡುವೆ ಸೀಳಿಕೊಂಡು ಹೋಗುತ್ತದೆ. ಇಡೀ ರಾಜ್ಯಕ್ಕೆ ಒಂದೇ ಒಂದು ಸೇತುವೆ ಎಂದಾಗ ಅದು ನಮ್ಮ ಊರ ಹತ್ತಿರವೇ ಬರಲಿ ಎಂದು ಯಾರಿಗೆ ಅನ್ನಿಸುವುದಿಲ್ಲ ಹೇಳಿ? ಅಂಥ ಕಡೆ, ಯಾರ ಊರಿನ ಹಂಗೂ ಇಲ್ಲದ, ಎಲ್ಲರೂ ಮಾತಿಗೆ ಬೆಲೆ ಕೊಡುವ ಒಬ್ಬ ಹಿರಿಯರು ಬೇಕಿತ್ತು. ಜಾಗ ನೋಡಲು ಹೋದಾಗ, ಕಾರು ಹೋಗದ ಕಡೆ ಕುರ್ಚಿಯಲ್ಲಿ ಹೊತ್ತುಕೊಂಡು ಹೋಗುತ್ತೇವೆ ಎಂದವರಿಗೆ ಬೇಡ ಎಂದು, ಅವರು ತಾವೇ ನಡೆದರು ಎಂದು ಹೇಳುವುದುಂಟು. ಅವರ ಶಿಸ್ತು ಬಲ್ಲವರು ಇದನ್ನು ಸುಲಭವಾಗಿ ನಂಬುತ್ತಾರೆ.

1955ರಲ್ಲಿ ಅವರಿಗೆ ಭಾರತ ರತ್ನ ಬಂತು. ತೀರಿಕೊಂಡದ್ದು 1962ರ ಏಪ್ರಿಲ್‌ನಲ್ಲಿ. ಸೇತುವೆಯ ಮೇಲೆ ಗಾಡಿ ಓಡಾಡಲು ಶುರುವಾಗಿ ಆಗಲೇ ಮೂರು ವರ್ಷ ಆಗುತ್ತಾ ಬಂದಿತ್ತು.

ಅವರು ಅಣೆಕಟ್ಟಿನ ಎಂಜಿನಿಯರ್ ಅಲ್ವಾ? ಸೇತುವೆಗೂ ಅವರಿಗೂ ಏನು ಸಂಬಂಧ?

ನಾವು ಅವರನ್ನು ಅಣೆಕಟ್ಟಿನ ಜೊತೆಗೇ ಸೇರಿಸಿ ನೋಡುತ್ತೇವೆ, ಅದಕ್ಕೆ ಹೀಗೆ ಅನ್ನಿಸುತ್ತದೆ. ನನ್ನ ಪ್ರಕಾರ ಅವರು ಮೊದಲಿಗೆ ನದಿಯನ್ನು ಬಲ್ಲ ಎಂಜಿನಿಯರ್. 1890ರ ದಶಕದಲ್ಲಿ ಸಿಂಧ್ ಪ್ರಾಂತ್ಯದ ಸುಕ್ಕೂರಿನಲ್ಲಿ ಸಿಂಧೂ ನದಿಯ ಕೆಸರು ನೀರನ್ನು ನದಿಯ ಮರಳಲ್ಲೇ ಸೋಸಿ ಊರಿಗೆ ಕೊಟ್ಟವರು ಅವರು. 1908ರಲ್ಲಿ ಮೂಸಿ ನದಿ ಹೈದರಾಬಾದನ್ನು ಮುಳುಗಿಸಿದಾಗ, ಮತ್ತೆ ಹಾಗಾಗದಂತೆ ಯೋಜನೆ ಮಾಡಿಕೊಟ್ಟವರೂ ಅವರೇ. 1937ರಲ್ಲಿ ಒಡಿಶಾದ ಮಹಾನದಿಯ ನೆರೆಯ ಬಗ್ಗೆ ಸಲಹೆ ಕೊಟ್ಟರು. ಸಿಂಧೂ, ಮೂಸಿ, ಮಹಾನದಿ, ಕಾವೇರಿ, ಎಲ್ಲದರ ದಡದಲ್ಲೂ ನಿಂತು ನೋಡಿದ ಕಣ್ಣು ಅದು. ಜೊತೆಗೆ 1927ರಿಂದ 1955ರವರೆಗೆ ಅವರು ಟಾಟಾ ಉಕ್ಕಿನ ಕಂಪನಿಯ ನಿರ್ದೇಶಕರಾಗಿದ್ದರು. ಹಾಗಾಗಿ ಉಕ್ಕೂ ಅವರಿಗೆ ಹೊಸದಲ್ಲ.

ಸೇತುವೆಗೆ ಜಾಗ ಆರಿಸುವುದು ಅಷ್ಟೊಂದು ಕಷ್ಟವೇ? ನದಿ ಕಿರಿದಾಗಿರುವ ಕಡೆ ಕಟ್ಟಿದರೆ ಆಯಿತಲ್ಲ?

ನಮ್ಮ ಕಡೆ ಬಹುಪಾಲು ಹಾಗೇ ಮಾಡಬಹುದು. ತುಂಗಭದ್ರೆಗೋ ಕಾವೇರಿಗೋ ಬಂಡೆಯ ತಳ ಇರುತ್ತದೆ, ದಡವೂ ಗಟ್ಟಿ. ಗಂಗೆಯ ಬಯಲಲ್ಲಿ ಬಂಡೆ ಸಿಗುವುದು ಕಷ್ಟ. ಅಲ್ಲಿರುವುದು ಹಿಮಾಲಯದಿಂದ ಇಳಿದು ಬಂದ ಮಣ್ಣು, ಮರಳು, ಆಳದವರೆಗೂ ಅದೇ. ನದಿ ಒಂದು ಮಳೆಗಾಲದಲ್ಲಿ ಈ ದಡ ಕೊರೆದರೆ, ಇನ್ನೊಂದು ಮಳೆಗಾಲದಲ್ಲಿ ಆ ದಡ ಕೊರೆಯುತ್ತದೆ. ಹೊಲ, ಮನೆ, ಕೆಲವೊಮ್ಮೆ ಇಡೀ ಹಳ್ಳಿಯೇ ನೀರಿಗೆ ಹೋಗುತ್ತದೆ. ನಡುವೆ ಮರಳಿನ ದ್ವೀಪ ಏಳುತ್ತದೆ, ಜನ ಅಲ್ಲಿ ಬೆಳೆ ಇಡುತ್ತಾರೆ, ಕೆಲವು ವರ್ಷಕ್ಕೆ ಅದೂ ಮಾಯ.

ಇಂಥ ನದಿಗೆ ಇವತ್ತು ಸೇತುವೆ ಕಟ್ಟಿ, ನಾಳೆ ನದಿ ಪಕ್ಕಕ್ಕೆ ಸರಿದರೆ? ಸೇತುವೆ ಒಣ ಮರಳಿನ ಮೇಲೆ ಸುಮ್ನೆ ನಿಂತಿರುತ್ತದೆ. ನದಿ ಅದರ ಪಕ್ಕದ ರಸ್ತೆಯನ್ನು ಕೊಚ್ಚಿಕೊಂಡು ಹೋಗುತ್ತಿರುತ್ತದೆ. ಅದಕ್ಕೇ ನದಿ ಹಿಂದೆ ಎಲ್ಲೆಲ್ಲಿ ಹರಿದಿತ್ತು, ಯಾವ ದಡ ಎಷ್ಟು ವರ್ಷದಿಂದ ಜರುಗಿಲ್ಲ, ನೆರೆ ಬಂದಾಗ ನೀರು ಎಲ್ಲಿಯವರೆಗೆ ಹರಡುತ್ತದೆ, ಎರಡೂ ಕಡೆ ರಸ್ತೆ ಮತ್ತು ರೈಲನ್ನು ಹೇಗೆ ಕೂಡಿಸುವುದು, ಇದನ್ನೆಲ್ಲ ಮೊದಲೇ ನೋಡಬೇಕು. ಮೊಕಾಮಾದ ದಕ್ಷಿಣಕ್ಕೆ ಟಾಲ್ ಎನ್ನುವ ದೊಡ್ಡ ತಗ್ಗು ಪ್ರದೇಶ ಇದೆ. ಮಳೆಗಾಲದಲ್ಲಿ ಅದು ಕೆರೆಯಂತೆ ತುಂಬಿಕೊಳ್ಳುತ್ತದೆ, ನೀರು ಇಳಿದ ಮೇಲೆ ಬೇಳೆಕಾಳು ಬೆಳೆಯುತ್ತಾರೆ. ಅಂಥ ನೀರಿನ ನಾಡಿನಲ್ಲಿ ಗಟ್ಟಿ ಜಾಗ ಹುಡುಕುವ ಕೆಲಸ ಇದು.

ಬಂಡೆಯೇ ಇಲ್ಲ ಅಂದರೆ ಕಂಬ ನಿಂತಿರುವುದು ಯಾವುದರ ಮೇಲೆ?

ಬಾವಿಯ ಮೇಲೆ. ಸುಮ್ನೆ ಹೇಳುತ್ತಿಲ್ಲ, ಎಂಜಿನಿಯರುಗಳೂ ಅದನ್ನು ಬಾವಿ ಅಡಿಪಾಯ ಎಂದೇ ಕರೆಯುತ್ತಾರೆ. ಉತ್ತರ ಭಾರತದ ದೊಡ್ಡ ನದಿಗಳ ಹಳೆ ಸೇತುವೆಗಳು ನಿಂತಿರುವುದೇ ಈ ಉಪಾಯದ ಮೇಲೆ.

ನಮ್ಮ ಕಡೆ ಸಿಮೆಂಟ್ ರಿಂಗ್ ಇಳಿಸಿ ಬಾವಿ ಮಾಡುವುದನ್ನು ನೀವು ನೋಡಿರಬಹುದು. ಒಂದು ರಿಂಗ್ ಇಟ್ಟು, ಒಳಗೆ ಕೂತು ಮಣ್ಣು ತೋಡುತ್ತಾ ಹೋದರೆ ರಿಂಗ್ ತನ್ನ ಭಾರಕ್ಕೆ ತಾನೇ ಕೆಳಗೆ ಇಳಿಯುತ್ತದೆ. ಅದರ ಮೇಲೆ ಇನ್ನೊಂದು ರಿಂಗ್, ಮತ್ತೆ ತೋಡು. ನದಿಯಲ್ಲಿ ಮಾಡುವುದೂ ಇದೇ ಕೆಲಸ, ಅಳತೆ ಮಾತ್ರ ಬಹಳ ದೊಡ್ಡದು. ದಪ್ಪ ಗೋಡೆಯ ಟೊಳ್ಳು ಬಾವಿಯನ್ನು ನದಿಯ ಮರಳಲ್ಲಿ ಇಳಿಸುತ್ತಾ, ಒಳಗಿನ ಮರಳನ್ನು ಯಂತ್ರದ ಕೈಯಿಂದ ಬಾಚಿ ತೆಗೆಯುತ್ತಾ ಹೋಗುತ್ತಾರೆ. ಬೇಕಾದ ಆಳ ಮುಟ್ಟಿದ ಮೇಲೆ ತಳ ಮುಚ್ಚಿ, ಮೇಲೆ ಕಂಬ ಎಬ್ಬಿಸುತ್ತಾರೆ.

ಅಷ್ಟು ಆಳ ಯಾಕೆ? ನೆರೆ ಬಂದಾಗ ನದಿ ಮೇಲಿನ ನೀರಷ್ಟೇ ಅಲ್ಲ, ಕಂಬದ ಬುಡದ ಮರಳನ್ನೂ ಕೊರೆದು ಎತ್ತಿಕೊಂಡು ಹೋಗುತ್ತದೆ. ಸಮುದ್ರದ ದಡದಲ್ಲಿ ನಿಂತಾಗ ಅಲೆ ಹಿಂದೆ ಸರಿಯುವಾಗ ಪಾದದ ಕೆಳಗಿನ ಮರಳು ಜಾರುತ್ತದಲ್ಲ, ಹಾಗೆ. ಆ ಕೊರೆತ ಮುಟ್ಟದಷ್ಟು ಆಳದಲ್ಲಿ ಬಾವಿಯ ತಳ ಇರಬೇಕು.

ಟ್ರಸ್ ಅಂದರೆ ಏನು? ಇಷ್ಟೊಂದು ಓರೆ ಕಂಬಿಗಳು ಯಾಕೆ ಬೇಕು?

ಮೂರು ಕಡ್ಡಿ ತಗೊಳ್ಳಿ, ತುದಿಗಳನ್ನು ದಾರದಿಂದ ಕಟ್ಟಿ ತ್ರಿಕೋನ ಮಾಡಿ. ಎಷ್ಟು ಒತ್ತಿದರೂ ಅದರ ಆಕಾರ ಕೆಡುವುದಿಲ್ಲ. ಈಗ ನಾಲ್ಕು ಕಡ್ಡಿಯಿಂದ ಚೌಕ ಮಾಡಿ. ಬೆರಳಿಂದ ತಳ್ಳಿದರೆ ಸಾಕು, ವಾಲಿಬಿಡುತ್ತದೆ. ಆ ಚೌಕಕ್ಕೆ ಮೂಲೆಯಿಂದ ಮೂಲೆಗೆ ಇನ್ನೊಂದು ಕಡ್ಡಿ ಕಟ್ಟಿದರೆ ಮತ್ತೆ ಗಟ್ಟಿ. ಟ್ರಸ್ ಅಂದರೆ ಇಷ್ಟೇ, ತ್ರಿಕೋನಗಳ ಸಾಲು.

ಭಾರ ಬಿದ್ದಾಗ ಮೇಲಿನ ಉದ್ದದ ಕಂಬಿ ಒತ್ತಿಕೊಳ್ಳುತ್ತದೆ, ಕೆಳಗಿನದು ಹಿಗ್ಗುತ್ತದೆ. ಓರೆ ಕಂಬಿಗಳು ಆ ಭಾರವನ್ನು ಕೈಯಿಂದ ಕೈಗೆ ದಾಟಿಸುತ್ತಾ ಕಂಬದವರೆಗೆ ಮುಟ್ಟಿಸುತ್ತವೆ. ನಡುವೆ ಎಲ್ಲ ಖಾಲಿ ಜಾಗ. ಹಾಗಾಗಿ ಕಡಿಮೆ ಉಕ್ಕಿನಲ್ಲಿ ಉದ್ದದ ಅಂಕಣ, ಅಂದರೆ ಎರಡು ಕಂಬಗಳ ನಡುವಿನ ಜಾಗ, ದಾಟಬಹುದು. ಆ ಖಾಲಿ ಜಾಗದಲ್ಲೇ ರೈಲೂ ಓಡಬಹುದು.

ನಮ್ಮಲ್ಲೂ ಒಂದನ್ನು ನೋಡಬಹುದು. ಹಳೆಯ ಬೆಂಗಳೂರು–ಮಂಗಳೂರು ರಸ್ತೆಯಲ್ಲಿ, ಪಾಣೆಮಂಗಳೂರಿನ ಹತ್ತಿರ ನೇತ್ರಾವತಿಯ ಮೇಲೆ ಬ್ರಿಟಿಷರ ಕಾಲದ ಉಕ್ಕಿನ ಸೇತುವೆ ಇದೆ. ಅದು ಚಿಕ್ಕದು, ರಸ್ತೆಯೂ ಇಕ್ಕಟ್ಟು.

ಬಿಸಿಲಿಗೆ ಉಕ್ಕು ಹಿಗ್ಗುವುದಿಲ್ಲವೇ?

ಹಿಗ್ಗುತ್ತದೆ. 100 ಮೀಟರ್ ಉದ್ದದ ಉಕ್ಕಿನ ಬಿಸಿ 30 ಡಿಗ್ರಿ ಏರಿದರೆ ಅದು ಸುಮಾರು ಮೂರೂವರೆ ಸೆಂಟಿಮೀಟರ್ ಉದ್ದವಾಗುತ್ತದೆ. ಎರಡೂ ತುದಿ ಬಿಗಿಯಾಗಿ ಕಟ್ಟಿದರೆ ಆ ಒತ್ತಡ ಕಂಬವನ್ನೇ ತಳ್ಳುತ್ತದೆ. ಅದಕ್ಕೆ ಇಂಥ ಸೇತುವೆಗಳಲ್ಲಿ ಒಂದು ತುದಿ ಕದಲದಂತೆ ಕೂರಿಸಿ, ಇನ್ನೊಂದು ತುದಿಯನ್ನು ಜರುಗಲು ಬಿಡುತ್ತಾರೆ.

ಸೇತುವೆ ಬರುವ ಮೊದಲು ಜನ ಹೇಗೆ ದಾಟುತ್ತಿದ್ದರು?

ದೋಣಿ, ಸ್ಟೀಮರ್. ಆದರೆ ದೊಡ್ಡ ತಲೆನೋವು ಜನರದ್ದಲ್ಲ, ಸಾಮಾನಿನದು. ದಕ್ಷಿಣದ ದಡದಲ್ಲಿ ಬ್ರಾಡ್ ಗೇಜ್ ರೈಲು, ಅಂದರೆ 1,676 ಮಿ.ಮೀ. ಅಗಲದ ಹಳಿ. ಉತ್ತರದ ದಡದಲ್ಲಿ ಮೀಟರ್ ಗೇಜ್, 1,000 ಮಿ.ಮೀ. ನಡುವೆ ಗಂಗೆ. ಉತ್ತರದಿಂದ ಬಂದ ಚೀಲಗಳನ್ನು ಸಿಮರಿಯಾ ಘಾಟ್‌ನಲ್ಲಿ ಇಳಿಸಬೇಕು, ದೋಣಿಗೆ ಹೇರಬೇಕು, ನದಿ ದಾಟಿಸಬೇಕು, ಮೊಕಾಮಾ ಘಾಟ್‌ನಲ್ಲಿ ಮತ್ತೆ ಇಳಿಸಿ ಬ್ರಾಡ್ ಗೇಜ್ ವ್ಯಾಗನ್‌ಗೆ ತುಂಬಬೇಕು. ದಕ್ಷಿಣದಿಂದ ಬರುವ ಕಲ್ಲಿದ್ದಲಿಗೂ ಇದೇ ಪಾಡು. ಎಲ್ಲವೂ ಹಮಾಲಿಗಳ ತಲೆಯ ಮೇಲೆ. ಮಳೆ, ಬಿಸಿಲು, ನೆರೆ ಏನೇ ಇರಲಿ.

ಹುಲಿ, ಚಿರತೆಗಳ ಕಥೆಯಿಂದ ನಮಗೆಲ್ಲ ಗೊತ್ತಿರುವ ಜಿಮ್ ಕಾರ್ಬೆಟ್ ಈ ಘಾಟ್‌ನಲ್ಲೇ ಗುತ್ತಿಗೆದಾರರಾಗಿದ್ದರು. ಇಪ್ಪತ್ತರ ಹರೆಯದಲ್ಲಿ ಈ ಕೆಲಸಕ್ಕೆ ಬಂದವರು ಸುಮಾರು ಎರಡು ದಶಕ ಇಲ್ಲೇ ಕಳೆದರು. ಅವರ ಹೆಸರು ನಮಗೆ ಗೊತ್ತು. ಗಂಗೆಯ ಎರಡು ದಡಗಳನ್ನು ತಲೆಯ ಮೇಲೆ ಹೊತ್ತು ಕೂಡಿಸಿದ ಸಾವಿರಾರು ಹಮಾಲಿಗಳ ಹೆಸರು ಯಾವ ಕಲ್ಲಿನ ಮೇಲೂ ಇಲ್ಲ. ಸೇತುವೆಯ ಮಾತು ಬಂದಾಗೆಲ್ಲ ನನಗೆ ಮೊದಲು ನೆನಪಾಗುವವರು ಅವರೇ.

ಸೇತುವೆ ಬಂದ ಮೇಲೆ ಈ ಹೇರುವ–ಇಳಿಸುವ ಕೆಲಸ ನಿಂತುಹೋಯಿತೇ?

ನದಿಯ ದಡದಲ್ಲಿ ನಿಂತಿತು. ಆದರೆ ಬ್ರಾಡ್ ಗೇಜ್ ಹಳಿ ನದಿ ದಾಟಿ ಬರೌನಿ ಕಡೆಗೆ ಬಂದರೂ ಅದರಾಚೆ ಉತ್ತರ ಬಿಹಾರದಲ್ಲಿ ಮೀಟರ್ ಗೇಜೇ ಇತ್ತು. ಹಾಗಾಗಿ ಬರೌನಿ ಪಕ್ಕದ ಗಢರಾ ಎಂಬಲ್ಲಿ ಸಾಮಾನು ಬದಲಿಸುವ ಬಹಳ ದೊಡ್ಡ ಯಾರ್ಡ್ ಬೆಳೆಯಿತು. ಹಳಿಗಳೆಲ್ಲ ಬ್ರಾಡ್ ಗೇಜ್ ಆದ ಮೇಲೆ ಅದರ ಗದ್ದಲವೂ ಅಡಗಿತು.

ಈ ಒಂದು ಸೇತುವೆಗೆ ಅಷ್ಟು ಮಹತ್ವ ಯಾಕೆ?

ಇಡೀ ಬಿಹಾರದಲ್ಲಿ ಗಂಗೆಗೆ ಇದೇ ಮೊದಲ ಸೇತುವೆ. ಪಟ್ನಾದಂಥ ಪಟ್ನಾಕ್ಕೇ ಸೇತುವೆ ಬಂದದ್ದು 1982ರಲ್ಲಿ. ಅಂದರೆ 20 ವರ್ಷಕ್ಕೂ ಜಾಸ್ತಿ ಕಾಲ ಉತ್ತರ ಬಿಹಾರ ಮತ್ತು ದಕ್ಷಿಣ ಬಿಹಾರದ ನಡುವೆ ಲಾರಿ ಓಡಾಡಬೇಕಾದರೆ ಈ ಎರಡು ಲೇನ್ ರಸ್ತೆಯೇ ಗತಿ.

ಇನ್ನೂ ಒಂದು ಕಾರಣ ಇದೆ. 1947ರಲ್ಲಿ ದೇಶ ಒಡೆದಾಗ ಅಸ್ಸಾಮಿಗೆ ಹೋಗುತ್ತಿದ್ದ ಹಳೆಯ ದಾರಿಗಳು ಪೂರ್ವ ಪಾಕಿಸ್ತಾನದ ಪಾಲಾದವು. ಉಳಿದದ್ದು ಉತ್ತರ ಬಂಗಾಳದ ಕಿರಿದಾದ ಪಟ್ಟಿ ಒಂದೇ. ಅಲ್ಲಿಗೆ ದಕ್ಷಿಣದ ಕಡೆಯಿಂದ ಹೋಗಬೇಕಾದರೆ ಎಲ್ಲಾದರೂ ಗಂಗೆ ದಾಟಲೇಬೇಕು. ಫರಕ್ಕಾದಲ್ಲಿ ದಾಟುವ ದಾರಿ ಆಗಿದ್ದು 1970ರ ದಶಕದಲ್ಲಿ. ಅಲ್ಲಿಯವರೆಗೆ ಗುವಾಹಟಿ ಕಡೆಗೆ ಹೋಗುವ ರಾಷ್ಟ್ರೀಯ ಹೆದ್ದಾರಿ 31 ಗಂಗೆ ದಾಟುತ್ತಿದ್ದದ್ದು ಮೊಕಾಮಾದಲ್ಲೇ.

ಉತ್ತರದ ದಡದ ಬರೌನಿಯೂ ಬದಲಾಯಿತು. 1960ರ ದಶಕದಲ್ಲಿ ಅಲ್ಲಿ ತೈಲ ಶುದ್ಧೀಕರಣ ಕಾರ್ಖಾನೆ ಬಂತು. ಗೊಬ್ಬರದ ಕಾರ್ಖಾನೆ, ವಿದ್ಯುತ್ ಸ್ಥಾವರಗಳೂ ಬಂದವು. ದಕ್ಷಿಣದ ಕಲ್ಲಿದ್ದಲು, ಉಕ್ಕು ನೇರವಾಗಿ ಬರುವ ಹಳಿ ಇಲ್ಲದಿದ್ದರೆ ಇದೆಲ್ಲ ಸುಲಭವಿರಲಿಲ್ಲ.

ಸಿಮರಿಯಾ ಎಂಬ ಹೆಸರು ಎಲ್ಲೋ ಕೇಳಿದಂತಿದೆಯಲ್ಲ?

ಹಿಂದಿಯ ಕವಿ ರಾಮಧಾರಿ ಸಿಂಗ್ ದಿನಕರ್ ಹುಟ್ಟಿದ ಊರು, 1908ರಲ್ಲಿ. 1972ರ ಜ್ಞಾನಪೀಠ ಅವರಿಗೆ ಬಂತು, ಮರುವರ್ಷದ್ದು ನಮ್ಮ ಬೇಂದ್ರೆಯವರಿಗೆ. ಸಿಮರಿಯಾದ ಗಂಗಾ ಘಾಟ್ ಯಾತ್ರಾ ಸ್ಥಳ ಕೂಡ. ಕಾರ್ತಿಕ ಮಾಸದಲ್ಲಿ ಜನ ಬಂದು ತಿಂಗಳಿಡೀ ನದಿಯ ದಡದಲ್ಲೇ ಗುಡಿಸಲು ಹಾಕಿಕೊಂಡು ಇರುತ್ತಾರೆ.

ಉಕ್ಕಿನ ಸೇತುವೆ ಹಳತಾಯಿತು ಎಂದು ಹೇಗೆ ಗೊತ್ತಾಗುತ್ತದೆ?

ಬರೀ ನೋಡಿದರೆ ಸಾಲದು, ಮುಟ್ಟಬೇಕು, ಬಡಿಯಬೇಕು. ರಿವೆಟ್ ಹೊಡೆದ ಸೇತುವೆಗಳನ್ನು ಪರೀಕ್ಷಿಸುವವರು ಒಂದು ಚಿಕ್ಕ ಸುತ್ತಿಗೆ ಇಟ್ಟುಕೊಂಡಿರುತ್ತಾರೆ. ರಿವೆಟ್ಟಿನ ತಲೆಯ ಒಂದು ಪಕ್ಕಕ್ಕೆ ಬೆರಳು ಇಟ್ಟು, ಇನ್ನೊಂದು ಪಕ್ಕಕ್ಕೆ ಮೆಲ್ಲಗೆ ಬಡಿಯುತ್ತಾರೆ. ಬಿಗಿಯಾಗಿದ್ದರೆ ಕಲ್ಲಿಗೆ ಬಡಿದಂತೆ ಇರುತ್ತದೆ. ಸಡಿಲವಾಗಿದ್ದರೆ ಬೆರಳಿಗೆ ಸಣ್ಣ ನಡುಕ ತಿಳಿಯುತ್ತದೆ. ರಿವೆಟ್ಟಿನ ತಲೆಯಿಂದ ಕೆಳಗೆ ಕೆಂಪು ತುಕ್ಕಿನ ಗೆರೆ ಇಳಿದಿದ್ದರೆ ಅದೂ ಒಂದು ಸುಳಿವು, ಒಳಗೆ ನೀರು ಹೋಗಿದೆ, ಏನೋ ಅಲ್ಲಾಡುತ್ತಿದೆ ಎಂದು. ಹೀಗೆ ಸಾವಿರಾರು ರಿವೆಟ್.

ಎರಡು ಅಂತಸ್ತಿನ ಸೇತುವೆಗೆ ಇನ್ನೊಂದು ಕಷ್ಟ ಜಾಸ್ತಿ. ಮೇಲಿನ ರಸ್ತೆಯ ಜೋಡಣೆಗಳು ಸೋರಿದರೆ ಮಳೆನೀರು, ಧೂಳು, ಕೆಸರು ಎಲ್ಲ ಕೆಳಗಿನ ಉಕ್ಕಿನ ಮೇಲೆ ಬಂದು ಕೂರುತ್ತದೆ. ಕೆಸರು ಒದ್ದೆ ಹಿಡಿದಿಟ್ಟುಕೊಂಡ ಕಡೆ ಬಣ್ಣ ಏಳುತ್ತದೆ. ಬಣ್ಣ ಎದ್ದ ಕಡೆ ತುಕ್ಕು ತಿನ್ನುತ್ತದೆ. ಉಕ್ಕಿನ ಸೇತುವೆಗೆ ಬಣ್ಣ ಅಂದದ ಮಾತಲ್ಲ, ಅದು ಅದರ ಚರ್ಮ.

ರಾಜೇಂದ್ರ ಸೇತುವಿನ ಮೇಲೆ ಭಾರಿ ಲಾರಿಗಳು ಹೋಗದಂತೆ ಯಾಕೆ ನಿಲ್ಲಿಸಿದರು?

ಸೇತುವೆಯ ಸ್ಥಿತಿ ಕೆಟ್ಟಿತ್ತು, ಅದಕ್ಕೆ. ಭಾರದ ವಾಹನಗಳು ಬೇರೆ ಕಡೆಯಿಂದ 100 ಕಿ.ಮೀ.ಗೂ ಹೆಚ್ಚು ಸುತ್ತಿ ಹೋಗಬೇಕಾಯಿತು. ಲಾರಿ ಓಡಿಸುವವರಿಗೆ ಇದು ಎಷ್ಟು ಡೀಸೆಲ್, ಎಷ್ಟು ನಿದ್ದೆಗೇಡು ಎಂದು ಲೆಕ್ಕ ಹಾಕಿ. ಆದರೂ ನಿಲ್ಲಿಸಿದ್ದು ಸರಿ ಎಂದೇ ನಾನು ಹೇಳುತ್ತೇನೆ. 2024ರ ಆಗಸ್ಟ್‌ನಲ್ಲಿ ಕಾರವಾರದ ಕಾಳಿ ನದಿಯ ಹಳೆ ಸೇತುವೆ ರಾತ್ರೋರಾತ್ರಿ ಕುಸಿದು, ಲಾರಿಯೊಂದು ನೀರಿಗೆ ಬಿದ್ದದ್ದು ನಮಗಿನ್ನೂ ನೆನಪಿದೆ ಅಲ್ವಾ? ಅದು ಕಾಂಕ್ರೀಟಿನದು, ಇದು ಉಕ್ಕಿನದು. ವಯಸ್ಸಾದ ಸೇತುವೆಯ ಮೇಲಿನ ಭಾರ ಇಳಿಸಬೇಕು ಎನ್ನುವುದು ಮಾತ್ರ ಎರಡಕ್ಕೂ ಒಂದೇ.

ಉಕ್ಕಿಗಿಂತ ಕಾಂಕ್ರೀಟ್ ಬಾಳಿಕೆ ಬರುವುದಿಲ್ಲವೇ?

ಹಾಗೆಂದು ಕಣ್ಣುಮುಚ್ಚಿ ಹೇಳಲಾಗದು. ಪಟ್ನಾದ ಗಾಂಧಿ ಸೇತುವನ್ನೇ ನೋಡಿ. ಐದೂವರೆ ಕಿ.ಮೀ. ಉದ್ದದ ಕಾಂಕ್ರೀಟ್ ಸೇತುವೆ, 1982ರದ್ದು. ಕೆಲವೇ ವರ್ಷಗಳಲ್ಲಿ ಅದಕ್ಕೆ ತೊಂದರೆ ಶುರುವಾಯಿತು. ಕೊನೆಗೆ ಮೇಲಿನ ಕಾಂಕ್ರೀಟನ್ನೆಲ್ಲ ಕಳಚಿ, ಹಳೆಯ ಕಂಬಗಳ ಮೇಲೆ ಉಕ್ಕಿನ ಟ್ರಸ್ ಕೂರಿಸಿದರು. ಒಂದು ಪಕ್ಕ 2020ರಲ್ಲಿ, ಇನ್ನೊಂದು ಪಕ್ಕ 2022ರಲ್ಲಿ ತೆರೆಯಿತು. ಉಕ್ಕಿನ ಟ್ರಸ್ಸಿನ ದೊಡ್ಡ ಗುಣ ಇದೇ. ಯಾವ ಕಂಬಿ ಕೆಟ್ಟಿದೆ ಎಂದು ಕಣ್ಣಿಗೆ ಕಾಣುತ್ತದೆ, ಆ ಒಂದು ಕಂಬಿಯನ್ನು ಬದಲಿಸಲೂಬಹುದು.

ಈಗ ಅಲ್ಲಿ ಹೊಸ ಸೇತುವೆ ಬಂದಿದೆಯಂತಲ್ಲ?

ಬಂದಿದೆ. ಔಂಟಾ–ಸಿಮರಿಯಾ ಸೇತುವೆ. ಔಂಟಾ ಇರುವುದು ಮೊಕಾಮಾದ ಕಡೆ. 2025ರ ಆಗಸ್ಟ್ 22ರಂದು ಪ್ರಧಾನಿ ನರೇಂದ್ರ ಮೋದಿ ಉದ್ಘಾಟಿಸಿದರು. ಆರು ಲೇನ್, ನದಿಯ ಮೇಲಿನ ಉದ್ದ 1.86 ಕಿ.ಮೀ., ಎರಡೂ ಕಡೆಯ ರಸ್ತೆ ಸೇರಿ 8.15 ಕಿ.ಮೀ. ಖರ್ಚು 1,870 ಕೋಟಿ ರೂಪಾಯಿಗೂ ಜಾಸ್ತಿ. ಲಾರಿಗಳ ಸುತ್ತಾಟ ತಪ್ಪಿತು. ರೈಲಿಗೂ ಇನ್ನೊಂದು ಸೇತುವೆಗೆ 2016ರಲ್ಲಿ ಅಡಿಗಲ್ಲು ಬಿತ್ತು. ಹಳೆಯದರಲ್ಲಿ ಒಂದೇ ಹಳಿ ಇರುವುದರಿಂದ ಒಂದು ರೈಲು ದಾಟುವವರೆಗೆ ಇನ್ನೊಂದು ಕಾಯಬೇಕಿತ್ತು.

ಈ ಹೊಸ ಸೇತುವೆಗಳು ಎಲ್ಲಿ ಎಂದು ಕೇಳಿ. ಎರಡೂ ಹಳೆಯ ರಾಜೇಂದ್ರ ಸೇತುವಿನ ಪಕ್ಕದಲ್ಲೇ. 60 ವರ್ಷ ಕಳೆದಿದೆ, ಗಂಗೆ ಎಷ್ಟೋ ನೆರೆ ಕಂಡಿದೆ. ಉಪಗ್ರಹದಿಂದ ನದಿಯನ್ನು ನೋಡುವ ಕಾಲ ಬಂದಿದೆ, ಮಣ್ಣನ್ನು ಆಳದವರೆಗೆ ಕೊರೆದು ನೋಡುವ ಯಂತ್ರಗಳಿವೆ. ಆದರೂ ಮೊಕಾಮಾ–ಸಿಮರಿಯಾದ ನಡುವೆ ಗಂಗೆ ದಾಟುವುದು ಇವತ್ತಿಗೂ ಅದೇ ಜಾಗದಲ್ಲಿ. ನನ್ನ ಮಟ್ಟಿಗೆ ಆ 90 ದಾಟಿದ ಹಿರಿಯರ ಕಣ್ಣಿಗೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಡ.

ಹೋಗಿ ನೋಡಬೇಕೆಂದರೆ?

ಪಟ್ನಾದಿಂದ ರೈಲಿನಲ್ಲಿ ಮೊಕಾಮಾಕ್ಕೋ ಹಾಥಿದಹಕ್ಕೋ ಬನ್ನಿ. ಸೇತುವೆಯ ಒಳಗನ್ನು ನೋಡಬೇಕಾದರೆ ಬರೌನಿ ಕಡೆಗೆ ಹೋಗುವ ರೈಲು ಹಿಡಿಯಿರಿ, ಹಗಲಿನದೇ ಆಗಿರಲಿ. ಹೊರಗಿನಿಂದ ಇಡೀ ಸೇತುವೆ ಕಾಣಬೇಕಾದರೆ ಸಿಮರಿಯಾ ಘಾಟ್‌ನಲ್ಲಿ ಇಳಿದು ನದಿಯ ದಡಕ್ಕೆ ನಡೆಯಿರಿ. ಮಳೆಗಾಲ ಮುಗಿದ ಮೇಲೆ ಹೋದರೆ ಒಳ್ಳೆಯದು. ನೀರು ಇಳಿದಿರುತ್ತದೆ, ಕಂಬದ ಬುಡದ ಹತ್ತಿರ ನೆರೆ ಬಿಟ್ಟುಹೋದ ಕೆಸರಿನ ಗುರುತು ಎಷ್ಟು ಎತ್ತರಕ್ಕಿದೆ ಎಂದು ಅಲ್ಲಿ ನಿಂತೇ ನೋಡಬಹುದು.